ನರ್ಸಮ್ಮನ ಸೈಕಲ್ಲು ಹತ್ತಿದವರು ಯಾರು

ಈ ಪ್ರಶ್ನೆಯನ್ನು ನನ್ನ ತಲೆಗೆ ಹಾಕಿದವರು ನಮ್ಮ ಶಾಲೆಯ ಇಂಗ್ಲಿಷ್ ಟೀಚರು. ಸಾಗರದ ಹೈಸ್ಕೂಲೊಂದರಲ್ಲಿ ನಾನು ಸಮಾಜ ವಿಜ್ಞಾನ ಪಾಠ ಮಾಡುತ್ತೇನೆ. ಅವರು ತೀರ್ಥಹಳ್ಳಿಯವರು, ನಾನು ಹೊಸನಗರ ತಾಲ್ಲೂಕಿನ ನಿಟ್ಟೂರಿನ ಕಡೆಯವಳು. ಮಧ್ಯಾಹ್ನದ ಬಿಡುವಿನಲ್ಲಿ ಸ್ಟಾಫ್ ರೂಮಿನ ಕಿಟಕಿ ಪಕ್ಕ ಕೂತು ಇಬ್ಬರೂ ಬುತ್ತಿ ಬಿಚ್ಚುತ್ತೇವೆ. ಅವತ್ತು ಹೊರಗೆ ಮೈದಾನದಲ್ಲಿ ಒಂಬತ್ತನೇ ಕ್ಲಾಸಿನ ಹುಡುಗಿಯೊಬ್ಬಳು ಎರಡೂ ಕೈ ಬಿಟ್ಟು ಸೈಕಲ್ ಹೊಡೆಯುತ್ತಿದ್ದಳು. ಕರೆದು ಬೈಯಬೇಕಿತ್ತು. ಬೈಯದೆ ನೋಡುತ್ತಾ ಕೂತೆವು.

ಮಾತು ಹಾಗೇ ಹೊರಳಿ, ನಮ್ಮ ಕಡೆ ಮೊಟ್ಟಮೊದಲು ಸೈಕಲ್ ಹೊಡೆದ ಹೆಂಗಸು ಯಾರಿರಬಹುದು ಎಂಬಲ್ಲಿಗೆ ಬಂತು. ತೀರ್ಥಹಳ್ಳಿಯಲ್ಲಿ ಯಾರೋ ಡಾಕ್ಟರಮ್ಮ ಹೊಡೆಯುತ್ತಿದ್ದರೆಂದು ಅವರು ತಾಯಿಯಿಂದ ಕೇಳಿದ್ದರು. ನಾನು, ಕೇಳಿದ್ದಲ್ಲ, ಕಣ್ಣಾರೆ ನೋಡಿದ್ದೇನೆ ಅಂದೆ. ನಾನು ಎರಡನೇ ಕ್ಲಾಸಿನಲ್ಲಿದ್ದಾಗ ನಮ್ಮ ಊರಿಗೆ ಒಬ್ಬರು ನರ್ಸಮ್ಮ ಬರುತ್ತಿದ್ದರು. ಬಿಳಿ ಸೀರೆ, ಕರಿ ಸೈಕಲ್. ಒಂದು ದಿನ ಹೆರಿಗೆಯಾದ ಹೆಂಗಸಿಗೆ ರಕ್ತ ನಿಲ್ಲದೆ ಹೋದಾಗ ಅದೇ ಸೈಕಲ್ ಹತ್ತಿ ನಿಟ್ಟೂರಿಗೆ ಹೋಗಿ ಜೀಪು ತಂದು ಜೀವ ಉಳಿಸಿದವರು. ಅವರು ಇಳಿಜಾರಿನಲ್ಲಿ ಹೋಗುವುದನ್ನು ನಾನು ಮೋರಿಕಟ್ಟೆಯ ಮೇಲೆ ನಿಂತು ನೋಡಿದ್ದೆ. ನಮ್ಮ ಊರಿನಲ್ಲಿ ಈಗಲೂ ಆ ಕಥೆ ಹೇಳುತ್ತಾರೆ.

ಇಂಗ್ಲಿಷ್ ಟೀಚರು ಸುಮ್ಮನೆ ಕೇಳಿಸಿಕೊಂಡು, ಸೈಕಲ್ಲಿಗೆ ಮುಂದೆ ಬಾರ್ ಇತ್ತಾ ಎಂದು ಕೇಳಿದರು. ಇತ್ತು, ಅದು ಗಂಡಸರ ಸೈಕಲ್ಲೇ ಅಂದೆ.

“ಹಾಗಾದ್ರೆ ಸೀರೆ ಉಟ್ಕೊಂಡು ಅದರ ಮೇಲೆ ಹೇಗೆ ಹತ್ತುತ್ತಿದ್ರು?”

ಇಷ್ಟು ವರ್ಷ ಆ ಚಿತ್ರ ನನ್ನ ಕಣ್ಣ ಮುಂದೆ ಇತ್ತು. ನರ್ಸಮ್ಮ ಸೀಟಿನ ಮೇಲೆ ನೆಟ್ಟಗೆ ಕೂತಿದ್ದರು, ಸೆರಗು ಹಿಂದಕ್ಕೆ ಹಾರುತ್ತಿತ್ತು. ಆದರೆ ಅವರು ಹತ್ತಿದ್ದನ್ನಾಗಲಿ ಇಳಿದದ್ದನ್ನಾಗಲಿ ನಾನು ಒಮ್ಮೆಯೂ ನೋಡಿರಲಿಲ್ಲ ಎಂಬುದು ಆಗಷ್ಟೇ ಹೊಳೆಯಿತು.

ಆ ಭಾನುವಾರ ಊರಿಗೆ ಹೋದಾಗ ಅಮ್ಮನನ್ನು ಕೇಳಿದೆ. ಅಮ್ಮ ಅಣ್ಣನ ಸಂಸಾರದ ಜೊತೆ ಇದ್ದಾಳೆ, ಗಟ್ಟಿಯಾಗಿಯೇ ಇದ್ದಾಳೆ. ಹಲಸಿನ ಹಪ್ಪಳ ಒಣಹಾಕುತ್ತಿದ್ದವಳು ತಲೆ ಎತ್ತದೆ, ಸೆರಗು ಸೊಂಟಕ್ಕೆ ಸಿಕ್ಕಿಸಿಕೊಂಡು ಹತ್ತುತ್ತಿದ್ದರು, ಇನ್ನೇನು ಎಂದಳು. ಬಾರ್ ಇತ್ತಲ್ಲ ಅಂದರೆ, ಇದ್ದರೆ ಇರಲಿ, ಅವರು ಬಯಲುಸೀಮೆಯವರು, ಅವರಿಗೆಲ್ಲ ಬರುತ್ತೆ ಎಂದು ಮಾತು ಮುಗಿಸಿದಳು. ನೆರೆಮನೆಯ ಅಜ್ಜ ಒಬ್ಬರು ಇನ್ನೂ ಮುಂದೆ ಹೋಗಿ, ನರ್ಸಮ್ಮ ಹಿಂದೆ ಒಬ್ಬರನ್ನು ಕೂರಿಸಿಕೊಂಡು ಏರು ಹತ್ತಿಸುತ್ತಿದ್ದರು ಎಂದರು. ನಮ್ಮ ಊರಿನ ಏರು ನೋಡಿದವರು ಯಾರೂ ಇದನ್ನು ನಂಬುವುದಿಲ್ಲ.

ನಮ್ಮ ಸೀಮೆಯಲ್ಲಿ ಸೈಕಲ್ ಎಂಬುದು ಅರ್ಧ ದಾರಿ ನಮ್ಮನ್ನು ಹೊರುತ್ತಿತ್ತು, ಉಳಿದರ್ಧ ನಾವು ಅದನ್ನು ನೂಕುತ್ತಿದ್ದೆವು. ಅಪ್ಪ ನಿಟ್ಟೂರಿನ ಸಂತೆಯಿಂದ ಬರುವಾಗ ಅಕ್ಕಿಮೂಟೆಯನ್ನು ಕ್ಯಾರಿಯರಿಗೆ ಕಟ್ಟಿ ಮನೆತನಕ ನಡೆದೇ ಬರುತ್ತಿದ್ದ. ಹುಲಿಕಲ್ ಘಾಟಿ ಇಳಿಯುವವರು ಬ್ರೇಕನ್ನು ನಂಬದೆ ಸೈಕಲ್ಲಿನ ಹಿಂದೆ ದೊಡ್ಡದೊಂದು ಸೊಪ್ಪಿನ ಕೊಂಬೆ ಕಟ್ಟಿ ಎಳೆದುಕೊಂಡು ಹೋಗುತ್ತಿದ್ದರೆಂದು ಅವನೇ ಹೇಳುತ್ತಿದ್ದ. ಕೆಳಗಿನ ಕರಾವಳಿಯಿಂದ ಮೀನು ತರುವವರು ಅದೇ ಘಾಟಿಯನ್ನು ಬುಟ್ಟಿ ಸಮೇತ ನೂಕಿಕೊಂಡು ಹತ್ತುತ್ತಿದ್ದರಂತೆ. ಇಂಥ ಕಡೆ, ಗಂಡಸರೇ ಇಳಿದು ನೂಕುವ ದಾರಿಯಲ್ಲಿ, ಒಬ್ಬ ಹೆಂಗಸು ಬಾರ್ ಇರುವ ಸೈಕಲ್ಲಿನ ಮೇಲೆ ಸೀರೆ ಉಟ್ಟು ಓಡಾಡಿದ್ದು ಹೇಗೆ? ಹೇಗಾದರೂ ಮಾಡಿ ಅವರನ್ನೇ ಕೇಳಬೇಕು ಅನ್ನಿಸಿತು.

ನರ್ಸಮ್ಮ ನಮ್ಮ ಕಡೆಯಿಂದ ವರ್ಗವಾಗಿ, ಕೊನೆಗೆ ತೀರ್ಥಹಳ್ಳಿಯಲ್ಲಿ ರಿಟೈರ್ ಆದರೆಂದು ಅಮ್ಮನಿಗೆ ಗೊತ್ತಿತ್ತು. ಹುಡುಕುವ ಕೆಲಸವನ್ನು ಇಂಗ್ಲಿಷ್ ಟೀಚರು ವಹಿಸಿಕೊಂಡರು. ಅವರ ತವರಿನವರು ಔಷಧಿ ತರುವ ಮೆಡಿಕಲ್ ಶಾಪಿನವರೇ ನರ್ಸಮ್ಮನ ಮಗಳು ಎಂದು ಗೊತ್ತಾದಾಗ ಅವರಿಗೂ ನನಗೂ ನಗು ಬಂತು. ಎರಡನೇ ಶನಿವಾರ ಇಬ್ಬರೂ ಬಸ್ಸು ಹತ್ತಿದೆವು.

ತುಂಗಾ ಸೇತುವೆಯ ಆಚೆ, ಅಂಗಡಿಯ ಮೇಲಿನ ಮನೆ. ಮೆಟ್ಟಿಲ ತುಂಬ ಆಂಥೂರಿಯಂ ಕುಂಡಗಳು. ಬಾಗಿಲು ತೆಗೆದವರು ನೈಟಿಯ ಮೇಲೊಂದು ಟವೆಲ್ ಹಾಕಿಕೊಂಡಿದ್ದ ಕುಳ್ಳಗಿನ ಹೆಂಗಸು. ನನ್ನ ನೆನಪಿನ ನರ್ಸಮ್ಮ ಬಹಳ ಎತ್ತರ ಇದ್ದರು. ನಾನು ಯಾರ ಮಗಳೆಂದು ಹೇಳಿದ ಕೂಡಲೇ ಅವರು ಒಂದು ಕ್ಷಣ ಕಣ್ಣು ಮುಚ್ಚಿ, ನಮ್ಮ ಮನೆಯ ಹಿತ್ತಲಿನ ನೇರಳೆ ಮರ, ನಾಯಿ, ಇಂಜೆಕ್ಷನ್ ಕೊಡುವಾಗ ನಾನು ಅವರ ಕೈ ಕಚ್ಚಿದ್ದು, ಎಲ್ಲ ಹೇಳಿದರು. ಕಚ್ಚಿದ್ದು ನನಗೆ ನೆನಪಿರಲಿಲ್ಲ.

ಕಾಫಿ ಕುಡಿದ ಮೇಲೆ ಸೈಕಲ್ಲಿನ ವಿಷಯ ತೆಗೆದೆ. ಅವರು ಲೋಟ ಕೆಳಗಿಟ್ಟು ನಕ್ಕರು. ಆ ಸೈಕಲ್ ಅವರದ್ದಲ್ಲವಂತೆ. ಅವರಿಗಿಂತ ಮುಂಚೆ ಸಿಡುಬು, ಮಲೇರಿಯಾ ಎಂದು ತಿರುಗುತ್ತಿದ್ದ ಗಂಡಸು ಆರೋಗ್ಯ ಕಾರ್ಯಕರ್ತರೊಬ್ಬರು ವರ್ಗವಾಗಿ ಹೋಗುವಾಗ ಉಪಕೇಂದ್ರದ ಗೋಡೆಗೆ ಒರಗಿಸಿ ಬಿಟ್ಟುಹೋದದ್ದು. ಇವರು ಬಂದ ಹೊಸದರಲ್ಲಿ ಲಸಿಕೆಯ ಡಬ್ಬಿ, ಮಕ್ಕಳನ್ನು ತೂಗುವ ತಕ್ಕಡಿ, ಮಾತ್ರೆಯ ಚೀಲ ಎಲ್ಲ ಹೊತ್ತು ನಡೆಯುತ್ತಿದ್ದರು. ಭುಜ ನೋವು ತಡೆಯದೆ ಒಂದು ದಿನ ಎಲ್ಲವನ್ನೂ ಆ ಸೈಕಲ್ಲಿಗೆ ನೇತುಹಾಕಿ ನೂಕಿಕೊಂಡು ಹೊರಟರು. ಅಲ್ಲಿಂದ ಅದೇ ರೂಢಿಯಾಯಿತು.

“ನಾನು ಸೈಕಲ್ ಹತ್ತಿದ್ದೇ ಇಲ್ಲಮ್ಮ. ನಂಗೆ ಇವತ್ತಿಗೂ ಬರಲ್ಲ” ಅಂದರು.

ಇಂಗ್ಲಿಷ್ ಟೀಚರು ನನ್ನ ಮುಖ ನೋಡಿದರು. ನಾನು ಸೋತವಳಂತೆ, ಆದರೆ ಊರವರೆಲ್ಲ ಹೇಳುತ್ತಾರಲ್ಲ, ಅಮ್ಮ ಹೇಳುತ್ತಾಳಲ್ಲ ಎಂದೆ. ಅವರಿಗೆ ಅದು ಹೊಸ ಸುದ್ದಿಯಲ್ಲ. ಜನ ಹಾಗೆ ಅಂದುಕೊಳ್ಳುವುದು ಅವರಿಗೆ ಅನುಕೂಲವೇ ಆಗಿತ್ತಂತೆ. ಸೈಕಲ್ ಇದ್ದವಳು ಸರ್ಕಾರದ ಕೆಲಸದವಳು ಎಂದು ದೂರದಿಂದಲೇ ಗೊತ್ತಾಗುತ್ತಿತ್ತು. ತಿರುವಿನಲ್ಲಿ ಬೆಲ್ ಹೊಡೆದರೆ ಮೇಲಿನ ಮನೆಗಳ ಹೆಂಗಸರು ಮಕ್ಕಳನ್ನು ಎತ್ತಿಕೊಂಡು ಕೆಳಗಿಳಿದು ಬರುತ್ತಿದ್ದರು. ಅದಕ್ಕಿಂತ ದೊಡ್ಡ ಉಪಯೋಗ ಬೇರೆ ಇತ್ತು. ಅದನ್ನು ಹೇಳುವಾಗ ಅವರ ದನಿ ಸ್ವಲ್ಪ ತಗ್ಗಿತು.

“ಕಾಡುದಾರೀಲಿ ಒಬ್ಬಳೇ ಹೋಗ್ತಿದ್ದೆ. ಎದುರಿಗೆ ಯಾರಾದ್ರೂ ಗಂಡಸರು ಬಂದ್ರೆ ಸೈಕಲ್ಲನ್ನ ಈ ಕಡೆಯಿಂದ ಆ ಕಡೆಗೆ ಮಾಡ್ಕೋತಿದ್ದೆ. ಅವರಿಗೂ ನಂಗೂ ಮಧ್ಯ ಅದು ಇರ್ತಿತ್ತು.”

ಬಸ್ಸಿನಲ್ಲಿ ಬ್ಯಾಗನ್ನು ಪಕ್ಕಕ್ಕೆ ಇಟ್ಟುಕೊಂಡು ಕೂರುವುದು ನಮಗೂ ಗೊತ್ತಿದ್ದದ್ದೇ.

ಕಲಿಯಬೇಕು ಅನ್ನಿಸಲಿಲ್ಲವೇ ಎಂದು ಇಂಗ್ಲಿಷ್ ಟೀಚರು ಕೇಳಿದರು. ಅನ್ನಿಸಿತ್ತಂತೆ. ಆದರೆ ಕಲಿಯಬೇಕಾದರೆ ಹಿಂದೆ ಯಾರಾದರೂ ಹಿಡಿದುಕೊಳ್ಳಬೇಕಲ್ಲ, ಒಂಟಿ ನರ್ಸಿನ ಸೈಕಲ್ಲನ್ನು ಹಿಂದೆ ಹಿಡಿದುಕೊಳ್ಳಲು ಆ ಊರಿನಲ್ಲಿ ಯಾರು ಬರುತ್ತಿದ್ದರು ಎಂದರು. ನಾನು ಬಿಡಲಿಲ್ಲ. ನಾನು ಮೋರಿಯ ಹತ್ತಿರ ಇದ್ದೆ, ಬಿಳಿ ಸೀರೆ ಸೈಕಲ್ಲಿನಲ್ಲಿ ಇಳಿದುಹೋದದ್ದನ್ನು ನೋಡಿದೆ, ಅದು ಕನಸಲ್ಲ ಅಂದೆ.

ನರ್ಸಮ್ಮ ನನ್ನನ್ನು ತುಸು ಹೊತ್ತು ದಿಟ್ಟಿಸಿ, ನಿನ್ನ ಚಿಕ್ಕಿ ಹೇಗಿದ್ದಾಳೆ ಎಂದು ಕೇಳಿದರು. ಚೆನ್ನಾಗಿದ್ದಾಳೆ ಅಂದೆ.

“ನೀನು ನೋಡಿದ್ದು ಅವಳನ್ನ.”

ಚಿಕ್ಕಿ ಅಂದರೆ ಅಮ್ಮನ ತಂಗಿ. ಮದುವೆಗೆ ಮುಂಚೆ ಕೆಲವು ವರ್ಷ ನಮ್ಮ ಮನೆಯಲ್ಲೇ ಇದ್ದವಳು. ನರ್ಸಮ್ಮ ಹೇಳಿದ್ದು ಹೀಗೆ. ವಾರಕ್ಕೊಮ್ಮೆ ಅವರು ನಮ್ಮ ಜಗುಲಿಯಲ್ಲಿ ಕೂತು ಸುತ್ತಲಿನ ಮನೆಗಳ ಮಕ್ಕಳಿಗೆ ಚುಚ್ಚುಮದ್ದು ಕೊಡುತ್ತಿದ್ದರು. ಚಿಕ್ಕಿ ಸೈಕಲ್ಲಿನ ಸುತ್ತಲೇ ಸುತ್ತುತ್ತಿದ್ದಳು, ಒರೆಸುವ ನೆಪದಲ್ಲಿ ಪೆಡಲ್ ತಿರುಗಿಸುತ್ತಿದ್ದಳು. ನಮ್ಮ ಕಡೆ ಸಮತಟ್ಟು ಜಾಗ ಅಂತ ಇರುವುದು ಕೊಯ್ಲಾದ ಗದ್ದೆಯೊಂದೇ. ಒಂದು ಬೇಸಗೆ, ಕೆಲಸ ಮುಗಿಸಿದ ಮೇಲೆ ನರ್ಸಮ್ಮ ಅವಳನ್ನು ಒಣಗಿದ ಗದ್ದೆಗೆ ಕರೆದುಕೊಂಡು ಹೋಗಿ ಸೈಕಲ್ ಕೊಟ್ಟರು, ತಾವೇ ಕ್ಯಾರಿಯರ್ ಹಿಡಿದುಕೊಂಡು ಓಡಿದರು. ಸೀಟಿನ ಮೇಲೆ ಕೂರುವ ಮಾತೇ ಇರಲಿಲ್ಲ. ಗದ್ದೆ ಕೆಲಸಕ್ಕೆ ಕಟ್ಟುವಂತೆ ಸೀರೆಯನ್ನು ಮೇಲೆತ್ತಿ ಕಟ್ಟಿ, ಬಾರಿನ ಕೆಳಗಿಂದ ಒಂದು ಕಾಲು ತೂರಿಸಿ, ಚಿಕ್ಕ ಮಕ್ಕಳು ಹೊಡೆಯುವ ಹಾಗೆ ಅರ್ಧ ಪೆಡಲ್. ಗದ್ದೆಯ ಅಂಚಿಗೆ ಗುದ್ದಿಕೊಂಡು ಬೀಳುವುದು, ಏಳುವುದು. ಸೈಕಲ್ ಬಾರದವರೇ ಇನ್ನೊಬ್ಬರಿಗೆ ಕಲಿಸಿದರು. ಅಂಚಿನ ಮೇಲೆ ಅಮ್ಮ ಯಾರಾದರೂ ಬಂದಾರೆಂದು ಕಾಯುತ್ತಾ ನಿಂತಿರುತ್ತಿದ್ದಳಂತೆ.

“ನಮ್ಮ ಅಮ್ಮನಾ?” ಎಂದು ನಾನು ಎರಡು ಸಲ ಕೇಳಿದೆ.

ಆ ಹೆರಿಗೆಯ ದಿನ ನರ್ಸಮ್ಮ ಕರೆದದ್ದರಿಂದ ಚಿಕ್ಕಿ ಬಿಸಿನೀರು, ಬಟ್ಟೆ ಎಂದು ಸಹಾಯಕ್ಕೆ ಹೋಗಿದ್ದಳು. ಮಗು ಸರಿಯಾಗಿಯೇ ಹುಟ್ಟಿತು. ಆಮೇಲೆ ರಕ್ತ ನಿಲ್ಲಲಿಲ್ಲ. ಆ ಮನೆಯ ಗಂಡಸರು ದೂರದ ಕಾಡಿಗೆ ಸೊಪ್ಪು ತರಲು ಹೋಗಿದ್ದರು. ಫೋನು, ಜೀಪು ಎರಡೂ ಇದ್ದದ್ದು ನಿಟ್ಟೂರಿನಲ್ಲಿ. ನರ್ಸಮ್ಮ ಬಾಣಂತಿಯ ಹೊಟ್ಟೆಯನ್ನು ಒತ್ತಿ ಹಿಡಿದು ಕೂತಿದ್ದರು, ಕೈ ತೆಗೆಯುವ ಹಾಗಿರಲಿಲ್ಲ. ಚಿಕ್ಕಿಯ ಸೀರೆಯೆಲ್ಲ ರಕ್ತವಾಗಿತ್ತು. ನನ್ನ ಚೀಲದಲ್ಲಿ ಇನ್ನೊಂದು ಸೀರೆ ಇದೆ, ಉಟ್ಟುಕೊಂಡು ಸೈಕಲ್ ತಗೊಂಡು ಹೋಗು ಎಂದರು ನರ್ಸಮ್ಮ. ಬಿಳಿ ಸೀರೆಯವಳು ಬಂದು ಕೇಳಿದರೆ ಜೀಪಿನವರು ತಕ್ಷಣ ಹೊರಡುತ್ತಾರೆ, ದಾರಿಯಲ್ಲೂ ಯಾರೂ ನಿಲ್ಲಿಸಿ ವಿಚಾರಿಸುವುದಿಲ್ಲ ಎಂಬ ಲೆಕ್ಕಾಚಾರ ಅವರಿಗೆ ಆ ಗಡಿಬಿಡಿಯಲ್ಲೂ ಹೊಳೆದಿತ್ತು.

ಜೀಪು ಬಂತು. ಬಾಣಂತಿಯನ್ನು ಹೊಸನಗರದ ಆಸ್ಪತ್ರೆಗೆ ಒಯ್ದರು. ಆಕೆ ಬದುಕಿದಳು, ಈಗಲೂ ಊರಿನ ಮದುವೆಮನೆಗಳಲ್ಲಿ ಮಾತಿಗೆ ಸಿಗುತ್ತಾಳೆ. ಊರಿನಲ್ಲಿ ಮಾತ್ರ, ನರ್ಸಮ್ಮ ಸೈಕಲ್ ಹೊಡೆದುಕೊಂಡು ಹೋಗಿ ಜೀಪು ತಂದರು ಎಂದು ಸುದ್ದಿಯಾಯಿತು. ಮುಚ್ಚಿದ ಬಾಗಿಲಿನ ಒಳಗೆ ಯಾರಿದ್ದರು, ಹೊರಗೆ ಯಾರು ಹೋದರು ಎಂದು ಯಾರೂ ಕೇಳಲಿಲ್ಲ. ಬಿಳಿ ಸೀರೆ, ಕರಿ ಸೈಕಲ್, ಅಷ್ಟು ಸಾಕಾಗಿತ್ತು. ಚಿಕ್ಕಿಗೆ ಆಗ ಗಂಡು ನೋಡುತ್ತಿದ್ದರು. ತೊಡೆ ಕಾಣುವ ಹಾಗೆ ಸೀರೆ ಕಟ್ಟಿಕೊಂಡು ಪೇಟೆಯಲ್ಲಿ ಸೈಕಲ್ ಹೊಡೆದಳು ಎಂಬ ಮಾತು ಹಬ್ಬಬಾರದೆಂದು, ನಿಜ ಗೊತ್ತಿದ್ದ ನಾಲ್ಕೈದು ಹೆಂಗಸರು ಸುಮ್ಮನಾದರು. ನರ್ಸಮ್ಮನೂ ಸುಮ್ಮನಾದರು.

ಸಾಗರಕ್ಕೆ ಮರಳುವ ಬಸ್ಸಿನಲ್ಲಿ ಇಂಗ್ಲಿಷ್ ಟೀಚರು ಕಿಟಕಿಗೆ ಒರಗಿ ನಿದ್ದೆ ಹೋದರು. ನನಗೆ ನಿದ್ದೆ ಬರಲಿಲ್ಲ. ಸೈಕಲ್ ಮೋರಿ ದಾಟಿದ ಮೇಲೆ ಓಡಿಬಂದು ಕಟ್ಟೆ ಹತ್ತಿದ ನನಗೆ ಕಂಡದ್ದು ಬೆನ್ನು ಮಾತ್ರ, ಮುಖ ನಾನು ನೋಡಿರಲಿಲ್ಲ. ಸೀಟಿನ ಮೇಲೆ ನೆಟ್ಟಗೆ ಕೂತ ಹೆಂಗಸನ್ನು ನಾನು ಎಲ್ಲಿಂದ ತಂದೆ? ಊರವರ ಮಾತು ಕೇಳಿ ಕೇಳಿ ನನ್ನ ಕಣ್ಣೇ ಆ ಚಿತ್ರವನ್ನು ತಿದ್ದಿಕೊಂಡಿರಬೇಕು. ಮಕ್ಕಳಿಗೆ ಇತಿಹಾಸ ಹೇಳಿಕೊಡುವವಳು ನಾನು.

ಮನೆಗೆ ಬಂದವಳೇ ಅಮ್ಮನಿಗೆ ಫೋನ್ ಮಾಡಿದೆ. ನರ್ಸಮ್ಮ ಎಲ್ಲ ಹೇಳಿದರು ಅಂದೆ. ಮತ್ತೆ ನನ್ನ ಹತ್ತಿರ ಯಾಕೆ ಹಾಗೆ ಹೇಳಿದೆ ಎಂದು ಕೇಳಿದೆ.

“ಸುಳ್ಳು ಹೇಳಿದ್ದಲ್ಲ ಕಣೆ” ಅಂದಳು ಅಮ್ಮ. “ಅಷ್ಟು ವರ್ಷ ಎಲ್ಲರ ಹತ್ರ ಹೇಳಿ ಹೇಳಿ, ನಂಗೂ ನರ್ಸಮ್ಮನೇ ಹೊಡ್ದಂಗೆ ಕಾಣೋಕೆ ಶುರುವಾಗಿತ್ತು. ಗದ್ದೆ ಅಂಚಲ್ಲಿ ನಿಂತಿದ್ದು ಈಗ ನೀ ಹೇಳಿದ್ಮೇಲೆ ನೆನಪಾತು.”

ಚಿಕ್ಕಿಯ ಮನೆ ಶರಾವತಿ ಹಿನ್ನೀರಿನ ಆಚೆ. ಮೊದಲಾದರೆ ಹೊಳೆಬಾಗಿಲಿಗೆ ಹೋಗಿ ಲಾಂಚಿಗೆ ಕಾಯಬೇಕಿತ್ತು, ಹಬ್ಬದ ದಿನಗಳಲ್ಲಿ ಜಾಗವೇ ಸಿಗುತ್ತಿರಲಿಲ್ಲ. ಈಗ ಸೇತುವೆ ಆಗಿದೆ, ಬಸ್ಸು ನೀರಿನ ಮೇಲೆ ಸುಮ್ಮನೆ ಹೋಗಿಬಿಡುತ್ತದೆ. ನಾನು ಹೋದಾಗ ಚಿಕ್ಕಿ ಕೊಟ್ಟಿಗೆಯಲ್ಲಿ ಹಿಂಡಿ ಕಲಸುತ್ತಿದ್ದಳು. ವಿಷಯ ಹೇಳಿದೆ. ಅವಳು ನಾಚಿಕೊಳ್ಳುತ್ತಾಳೆ, ಇಲ್ಲವೇ ಅಳುತ್ತಾಳೆ ಅಂದುಕೊಂಡಿದ್ದೆ. ಎರಡೂ ಆಗಲಿಲ್ಲ. ಕೈ ತೊಳೆದುಕೊಂಡು ಬಂದು ಮೆಟ್ಟಿಲ ಮೇಲೆ ಕೂತು, ಯಾರ ಕಥೆಯನ್ನೋ ಹೇಳುವ ಹಾಗೆ ಹೇಳಿದಳು.

ನಿಟ್ಟೂರಿನಲ್ಲಿ ಫೋನಿದ್ದ ಅಂಗಡಿಯವರು ಅವಳ ಮುಖ ನೋಡದೆ ಸೀರೆ ನೋಡಿ ಎದ್ದು ನಿಂತರಂತೆ. ಕುಡಿಯಲು ನೀರು ಕೊಟ್ಟು, ಮೇಡಂ ಎಂದರಂತೆ. ಅದೇ ಅಂಗಡಿಗೆ ಹಿಂದಿನ ವಾರ ಅವಳು ಉಪ್ಪು ತರಲು ಹೋಗಿದ್ದಳು, ಆಗ ಬಾಗಿಲ ಹೊರಗೇ ಬಹಳ ಹೊತ್ತು ನಿಲ್ಲಿಸಿದ್ದರು. ಹೆಚ್ಚು ಮಾತಾಡಿದರೆ ಗುರುತು ಸಿಕ್ಕೀತೆಂದು ಅವಳು ಬಾಣಂತಿ, ರಕ್ತ, ಜೀಪು ಎಂದು ಮೂರು ಮಾತು ಮಾತ್ರ ಆಡಿದಳು. ಬರುವಾಗ ಜೀಪಿನ ಮುಂದಿನ ಸೀಟಿನಲ್ಲಿ ಕೂರಿಸಿದರು, ಸೈಕಲ್ಲನ್ನು ಹಿಂದೆ ಹಗ್ಗದಲ್ಲಿ ಬಿಗಿದರು. ದಾರಿಯುದ್ದಕ್ಕೂ ಬಾಣಂತಿ ಉಳಿಯುತ್ತಾಳೋ ಇಲ್ಲವೋ ಎಂಬ ಭಯದಲ್ಲಿ ಅವಳ ಹಲ್ಲು ಕಟಕಟ ಅನ್ನುತ್ತಿತ್ತು.

ಭಯ ಬಿಟ್ಟು ಬೇರೇನೂ ಅನ್ನಿಸಲಿಲ್ಲವೇ ಎಂದೆ. ಅವಳು ಅಂಗಳದಲ್ಲಿ ಕಾಳು ಹೆಕ್ಕುತ್ತಿದ್ದ ಕೋಳಿಗಳನ್ನೇ ನೋಡುತ್ತಾ ಹೇಳಿದಳು.

“ಮೋರಿ ದಾಟಿದ್ಮೇಲೆ ಇಳಿಜಾರು ಇದ್ಯಲ್ಲ, ಅಲ್ಲಿ ಪೆಡಲ್ ತುಳಿಯೋದೇ ಬೇಡ, ಅದೇ ಹೋಗ್ತಿತ್ತು ಮಾರಾಯ್ತಿ. ಅಲ್ಲಿ ಒಬ್ಳು ಸಾಯೋ ಹಂಗಿದಾಳೆ, ನಂಗೆ ಇಲ್ಲಿ ಖುಷಿಯಾಗ್ತಿತ್ತು. ಅದನ್ನ ಯಾರ ಹತ್ರ ಹೇಳೋದು?”

ಯಾರ ಹತ್ತಿರವೂ ಹೇಳಲಿಲ್ಲ. ಮುಂದಿನ ವರ್ಷ ಮದುವೆಯಾಗಿ ಹೊಳೆ ದಾಟಿದಳು. ಗಂಡನ ಮನೆಯಲ್ಲಿ ಸೈಕಲ್ ಇತ್ತು, ಮುಟ್ಟಲಿಲ್ಲ. ನರ್ಸಮ್ಮನ ಬಿಳಿ ಸೀರೆ ಅವಳ ಜೊತೆ ಬಂದು ಮಗಳ ತೊಟ್ಟಿಲು ಕಟ್ಟಲು ಆಯಿತು, ಆಮೇಲೆ ಹಳೆ ಬಟ್ಟೆಯಾಗಿ ಸವೆದುಹೋಯಿತು. ಮಗಳು ಎಂಟನೇ ಕ್ಲಾಸಿಗೆ ಬಂದಾಗ ಸರ್ಕಾರದಿಂದ ಶಾಲೆಯಲ್ಲಿ ಸೈಕಲ್ ಕೊಟ್ಟರು, ಮುಂದೆ ಬಾರ್ ಇಲ್ಲದ, ಬುಟ್ಟಿ ಇರುವ ಹುಡುಗಿಯರ ಸೈಕಲ್. ಮಗಳಿಗೆ ಕಲಿಸುವವರು ಯಾರು ಎಂದು ಮನೆಯಲ್ಲಿ ಮಾತು ಬಂದಾಗ ಚಿಕ್ಕಿ, ನಾನು ಎಂದಳು. ಗಂಡ ನಕ್ಕನಂತೆ. ಅವಳು ಮಾತಾಡದೆ ಸೈಕಲ್ಲನ್ನು ಅಂಗಳಕ್ಕೆ ತಂದು, ಹತ್ತಿ, ಹುಲ್ಲಿನ ಕುತ್ತರಿಯ ಸುತ್ತ ಎರಡು ಸುತ್ತು ಹೊಡೆದು ಇಳಿದಳು. ಸೀಟಿನ ಮೇಲೆ ಕೂತದ್ದು ಅದೇ ಮೊದಲು. ಗಂಡ ಎಲ್ಲಿ ಕಲಿತೆ ಎಂದು ಕೇಳಿದ್ದಕ್ಕೆ, ನಿಟ್ಟೂರಿನ ಕಡೆ ಎಲ್ಲರಿಗೂ ಬರುತ್ತೆ ಅಂದಳಂತೆ. ಅವನು ಇವತ್ತಿಗೂ ಅದನ್ನೇ ನಂಬಿಕೊಂಡಿದ್ದಾನೆ.

ಮಗಳು ಶಾಲೆಗೆ ಹೊರಡುವ ಮೊದಲು, ಬೆಳಗಿನ ಹಾಲನ್ನು ಡೇರಿಗೆ ಹಾಕಿ ಬರಲು ಅದೇ ಸೈಕಲ್ ಚಿಕ್ಕಿಗೆ ಆಯಿತು. ಮೊದಮೊದಲು ದಾರಿಯಲ್ಲಿ ಗಂಡಸರು ಕೆಮ್ಮಿದರು. ಹೆಂಗಸರು, ಈ ವಯಸ್ಸಿನಲ್ಲಿ ಎಂದು ಬಾಯಿಗೆ ಸೆರಗು ಹಿಡಿದರು. ಆಮೇಲೆ ಅವರಲ್ಲೇ ಇಬ್ಬರು ಬಂದು, ನಮಗೂ ಹಿಂದೆ ಹಿಡ್ಕೋತೀಯಾ ಎಂದು ಕೇಳಿದರು. ಅವರನ್ನೂ ಕೊಯ್ದ ಗದ್ದೆಗೇ ಕರೆದುಕೊಂಡು ಹೋದೆ ಎಂದಳು ಚಿಕ್ಕಿ. ಈಗ ಅವರೆಲ್ಲ ಸ್ಕೂಟಿ ಹೊಡೆಯುತ್ತಾರೆ, ಚಿಕ್ಕಿಯೂ ಹೊಡೆಯುತ್ತಾಳೆ.

ಮೊದಲು ಸೈಕಲ್ ಹೊಡೆದ ಹೆಂಗಸು ನೀನೇ ಇರಬೇಕು ಎಂದೆ. ಅವಳಿಗೆ ಅದು ಅಷ್ಟೇನೂ ಮುಖ್ಯ ಅನ್ನಿಸಲಿಲ್ಲ. ಗದ್ದೆಯಲ್ಲಿ ತಾನು ಕಲಿತ ಹಾಗೆ ಯಾವ ಊರಿನ ಯಾವ ಗದ್ದೆಯಲ್ಲಿ ಯಾರು ಕಲಿತರೋ, ಅವರ ಅಕ್ಕಂದಿರು ಅಂಚಿನಲ್ಲಿ ನಿಂತು ಕಾದರೋ, ಯಾರಿಗೆ ಗೊತ್ತು ಎಂದಳು. ನಾನು ಆಮೇಲೆ ಅದನ್ನೇ ಯೋಚಿಸುತ್ತಿದ್ದೇನೆ. ಡಾಕ್ಟರಮ್ಮ, ಟೀಚರಮ್ಮ, ನರ್ಸಮ್ಮ ಎಂದು ನಾವು ಹೇಳುವ ಮೊದಲಿಗರೆಲ್ಲ ಕಣ್ಣಿಗೆ ಕಾಣುವ ಹಾಗೆ ಹೊರಗೆ ಓಡಾಡಿದವರು. ಸಂಜೆ ಗದ್ದೆಯಲ್ಲಿ ಹೊಡೆದು, ಮಣ್ಣು ಒರೆಸಿ, ಸೈಕಲ್ಲನ್ನು ಗೋಡೆಗೆ ಒರಗಿಸಿದವರನ್ನು ಎಲ್ಲಿ ಹುಡುಕುವುದು? ಶಾಲೆಯ ಹುಡುಗಿಯರಿಗೆ, ನಿಮ್ಮ ಅಜ್ಜಿಯರನ್ನು ಒಮ್ಮೆ ಕೇಳಿ ನೋಡಿ ಎಂದಿದ್ದೇನೆ. ಕೇಳಿ ಬಂದವರಲ್ಲಿ ಒಬ್ಬಳು, ಅಜ್ಜಿ ನಕ್ಕು ಒಳಗೆ ಹೋದಳು ಮಿಸ್, ಏನೂ ಹೇಳಲಿಲ್ಲ ಎಂದಳು. ಆ ಅಜ್ಜಿಯನ್ನು ನೋಡಬೇಕು ಅನ್ನಿಸಿದೆ.

ಚಿಕ್ಕಿಯ ಮನೆಯಿಂದ ಹೊರಡುವ ಮೊದಲು ನರ್ಸಮ್ಮನಿಗೆ ಫೋನ್ ಹಚ್ಚಿ ಅವಳ ಕೈಗೆ ಕೊಟ್ಟೆ. ಇಬ್ಬರೂ ಮಾತಾಡಿ ಎಷ್ಟೋ ವರ್ಷಗಳಾಗಿದ್ದವು. ನಾನು ಕಿವಿಗೊಟ್ಟು ಕೂತೆ. ಅವರು ಹೆರಿಗೆಯ ಮಾತು ಎತ್ತಲಿಲ್ಲ. ಮಂಡಿನೋವಿಗೆ ಯಾವ ಎಣ್ಣೆ, ಮಗಳು ಎಲ್ಲಿದ್ದಾಳೆ, ಆಂಥೂರಿಯಂ ಗಿಡಕ್ಕೆ ಕೊಟ್ಟಿಗೆ ಗೊಬ್ಬರ ಹಾಕಬಹುದೇ, ಇಂಥವೇ. ನರ್ಸಮ್ಮ ಆ ಕಡೆಯಿಂದ ಏನೋ ಕೇಳಿದರು. ಚಿಕ್ಕಿ ಎದ್ದು ನಿಂತು, ಅವರು ಎದುರಿಗೇ ಇದ್ದಾರೆ ಎಂಬಂತೆ ಕೈ ಮಾಡಿ ದಾರಿ ಹೇಳತೊಡಗಿದಳು. ಸಾಗರದಿಂದ ಯಾವ ಬಸ್ಸು ಹತ್ತಬೇಕು, ಸೇತುವೆ ದಾಟಿದ ಮೇಲೆ ಎಲ್ಲಿ ಇಳಿಯಬೇಕು, ಎಡಕ್ಕೆ ತಿರುಗಬೇಕೋ ಬಲಕ್ಕೋ.

“ಇಳಿದ್ಮೇಲೆ ಒಂದು ಫೋನ್ ಮಾಡಿ ನರ್ಸಮ್ಮ. ನೀವು ನಡಿಯೋದು ಬ್ಯಾಡ, ನಾ ಸ್ಕೂಟಿ ತಗೊಂಡು ಬರ್ತೀನಿ” ಎಂದಳು. ಫೋನನ್ನು ನನಗೆ ಕೊಟ್ಟು, ಹೊತ್ತಾಯಿತೆಂದು ಹಾಲಿನ ಕ್ಯಾನು ಎತ್ತಿಕೊಂಡು ಕೊಟ್ಟಿಗೆಗೆ ಹೋದಳು.